ಬೆಂಚಿನ ಬಲಗಡೆ

ಅಶಿಲ್ ಬೊರೆಲ್ ಅಂದರೆ ನಿಮಗೆ ಯಾರೆಂದು ಗೊತ್ತಾಗುವುದಿಲ್ಲ. ಮುಖ ತೋರಿಸಿದರೆ ಮಾತ್ರ 'ಅಯ್ಯೋ, ಇವರಾ!' ಅನ್ನುತ್ತೀರಿ. ನಾಯಕ ನಾಯಕಿ ಬಾರಿನ ಮೇಜಿಗೆ ಎದುರುಬದುರು ಕೂತು ಜಗಳವಾಡುತ್ತಿರುವಾಗ ಹಿಂದೆ ಸಿಗರೇಟಿನ ಹೊಗೆಯೊಳಗೆ ಪಿಯಾನೊ ನುಡಿಸುತ್ತಾ ಕೂತಿರುವ ಉದ್ದ ಮುಖದ ಮನುಷ್ಯ, ಅವರೇ. "ಇನ್ನೊಂದು ಹಾಡು ಬೇಕಾ, ಮೊಸ್ಯೆ?" ಎಂಬಷ್ಟು ಮಾತು ಸಿಕ್ಕರೆ ಆ ವರ್ಷದ ಪುಣ್ಯ. ಒಂದು ಚಿತ್ರದಲ್ಲಿ ಸ್ಟೇಷನ್ ಮಾಸ್ಟರ್ ಆಗಿದ್ದರು. ಇನ್ನೊಂದರಲ್ಲಿ ಮದುವೆಮನೆಗೆ ತಪ್ಪಿ ಬಂದ ಪಾದ್ರಿ. ಉಳಿದಂತೆ ಜೀವಮಾನವಿಡೀ ಪಿಯಾನೊದ ಮುಂದೆಯೇ.

ಸಂಗೀತವನ್ನೂ ಕಟ್ಟುತ್ತಿದ್ದರು. ಕಳ್ಳ ಓಡಿಹೋಗಿ ಹಿಟ್ಟಿನ ಪೀಪಾಯಿಯೊಳಗೆ ಬೀಳುವಂಥ ಚಿತ್ರಗಳಿಗೆ. ಅವುಗಳಲ್ಲಿ ಪೊಲೀಸರ ಕುರಿತಾದ ಒಂದು ತಮಾಷೆಯ ಚಿತ್ರದ ರಾಗ ಪ್ಯಾರಿಸಿನ ಬೀದಿಗಳಲ್ಲೆಲ್ಲ ಹಬ್ಬಿತು. ಅವರ ಕಟ್ಟಡಕ್ಕೆ ಬರುವ ಅಂಚೆಯವನೂ ಅದನ್ನೇ ಶಿಳ್ಳೆ ಹಾಕುತ್ತಾ ಮೆಟ್ಟಿಲು ಹತ್ತುತ್ತಿದ್ದ. ಒಂದು ದಿನ ಬಾಗಿಲಲ್ಲಿ ಶಿಳ್ಳೆ ನಿಲ್ಲಿಸಿ, "ಅಂದಹಾಗೆ ಮೊಸ್ಯೆ ಬೊರೆಲ್, ತಾವು ಏನು ಕೆಲಸ ಮಾಡೋದು?" ಎಂದು ಕೇಳಿದನಂತೆ. ಇದನ್ನು ಅವರೇ ಹೇಳಿ ನಕ್ಕಿದ್ದರು. ನನಗೆ ನಗು ಬರಲಿಲ್ಲ.

ನಾನು ಜೆರ್ಮೆನ್. ನನ್ನನ್ನಂತೂ ನೀವು ನೋಡಿರುವ ಸಾಧ್ಯತೆಯೇ ಇಲ್ಲ. ನಾನು ಕೈಗಳಿಗೆ ಸದ್ದು ಕೊಡುವವಳು. ಸ್ಟುಡಿಯೋದ ಪಿಯಾನೊ ಮೂಗಿ. ನಟರ ಮಾತು ಶುದ್ಧವಾಗಿ ಧ್ವನಿಮುದ್ರಣವಾಗಬೇಕಲ್ಲ, ಅದಕ್ಕೆ ಚಿತ್ರೀಕರಣಕ್ಕೆ ಮೊದಲು ಅದರ ಮುಚ್ಚಳ ತೆಗೆದು ಒಳಗಿನ ಸುತ್ತಿಗೆಗಳಿಗೂ ತಂತಿಗಳಿಗೂ ನಡುವೆ ದಪ್ಪ ಉಣ್ಣೆಯ ಪಟ್ಟಿಯೊಂದನ್ನು ಇಳಿಬಿಡುತ್ತಾರೆ. ಆಮೇಲೆ ಎಷ್ಟು ಗುದ್ದಿದರೂ ಅದು ಬಾಯಿ ಬಿಡುವುದಿಲ್ಲ. ತಿಂಗಳುಗಳ ನಂತರ, ಚಿತ್ರ ಕತ್ತರಿಸಿ ಜೋಡಿಸಿಯಾದ ಮೇಲೆ, ಕತ್ತಲೆಯ ಧ್ವನಿಮುದ್ರಣ ಕೋಣೆಯಲ್ಲಿ ನನ್ನನ್ನು ಕೂರಿಸುತ್ತಾರೆ. ಪರದೆಯ ಮೇಲಿನ ಕೈಗಳನ್ನು ನೋಡುತ್ತಾ ನಾನು ನಿಜವಾದ ಪಿಯಾನೊ ನುಡಿಸಬೇಕು. ಬೆರಳು ಇಳಿದಾಗ ಸ್ವರ ಬರಬೇಕು. ಸಿನಿಮಾದಲ್ಲಿ ಸುಂದರಿಯರ ಬೆರಳಿಂದ, ಕುಡುಕರ ಬೆರಳಿಂದ, ಒಂದು ಸಲ ಸರ್ಕಸ್ಸಿನ ಕೋತಿಯ ಬೆರಳಿಂದ ಹೊರಟ ಸಂಗೀತವೆಲ್ಲ ನನ್ನದು. ನನ್ನ ಕೈ ಮಾತ್ರ ಯಾವ ಚಿತ್ರದಲ್ಲೂ ಇಲ್ಲ.

ಕೋತಿಗೆ ಸದ್ದು ಕೊಡುವುದು ಸುಲಭವಾಗಿತ್ತು. ಅಶಿಲ್ ಬೊರೆಲ್ ನನ್ನ ಜೀವ ತಿಂದರು.

ಅವರ ಮೇಲೆ ಎರಡು ದೂರುಗಳಿದ್ದವು. ಮೊದಲನೆಯದು, ಅವರು ಬೆಂಚಿನ ನಡುವೆ ಕೂರುತ್ತಿರಲಿಲ್ಲ. ಎಡತುದಿಯಲ್ಲಿ, ಈಗ ಬಿದ್ದಾರು ಆಗ ಬಿದ್ದಾರು ಅನ್ನುವ ಹಾಗೆ ಕೂತು, ಬಲಗಡೆ ಅರ್ಧ ಬೆಂಚು ಖಾಲಿ ಬಿಡುತ್ತಿದ್ದರು. ಕ್ಯಾಮೆರಾದ ರೆಮಿ ಪ್ರತಿ ಸಲವೂ ಕೂಗುತ್ತಿದ್ದ, "ಏನ್ ಅಶಿಲ್, ಪಕ್ಕದಲ್ಲಿ ದೆವ್ವ ಕೂತಿದೆಯಾ? ಸ್ವಲ್ಪ ಈ ಕಡೆ ಬನ್ನಿ ಮಾರಾಯ್ರೆ, ಚೌಕಟ್ಟಲ್ಲಿ ನಿಮ್ಮ ಅರ್ಧ ಹೊಟ್ಟೆ ಮಾತ್ರ ಬರ್ತಿದೆ!" ಅಶಿಲ್ ಒಂದಿಷ್ಟು ಸರಿದ ಹಾಗೆ ಮಾಡಿ, ದೀಪ ಹತ್ತಿದೊಡನೆ ಮತ್ತೆ ಎಡತುದಿಗೆ ಹೋಗುತ್ತಿದ್ದರು. ಎರಡನೆಯದು, ಅವರ ಕೈಗಳು ಕೊಟ್ಟ ಸಂಗೀತವನ್ನು ನುಡಿಸುತ್ತಿರಲಿಲ್ಲ. ಹಾಳೆಯಲ್ಲಿ ಕುಣಿತದ ರಾಗವಿದ್ದರೆ ಅವರ ಬೆರಳು ಮಂದ್ರದಲ್ಲಿ ಮೆಲ್ಲಗೆ ಏನೋ ಹುಡುಕುತ್ತಿರುತ್ತಿತ್ತು. ಸ್ವತಃ ಸಂಗೀತ ಕಟ್ಟುವ ಮನುಷ್ಯ, ತಾನೇ ಬರೆದ ರಾಗಕ್ಕೂ ಕೈ ಹೊಂದಿಸುತ್ತಿರಲಿಲ್ಲ ಅಂದರೆ! ಉಡಾಫೆ ಅಂದುಕೊಂಡೆವು. ಸಂಕಲನದವರು ಬೈದುಕೊಂಡು ಕೈಗಳನ್ನು ಕತ್ತರಿಸಿ, ಬರಿಯ ಮುಖ ಉಳಿಸುತ್ತಿದ್ದರು. ಕತ್ತರಿಸಲಾಗದ ಕಡೆ ನಾನು ಹಲ್ಲು ಕಚ್ಚಿ ಹೇಗೋ ತೇಪೆ ಹಾಕುತ್ತಿದ್ದೆ.

ಗುಟ್ಟು ಗೊತ್ತಾಗಿದ್ದು ಒಂದು ಮಧ್ಯಾಹ್ನ. ಚಿತ್ರ ಓಡಿಸುವ ಯಂತ್ರ ಕೆಟ್ಟು ವಾದ್ಯಗಾರರೆಲ್ಲ ಕಾಫಿಗೆ ಹೋಗಿದ್ದರು. ನನಗೆ ಅವರ ಹರಟೆ ಬೇಡವಾಗಿತ್ತು, ಪಿಯಾನೊದ ಮುಂದೆಯೇ ಕೂತಿದ್ದೆ. ಯಂತ್ರದವನು ರಿಪೇರಿ ಮಾಡುತ್ತಾ ಅದೇ ಚೂರನ್ನು ಮತ್ತೆ ಮತ್ತೆ ಓಡಿಸಿ ನೋಡುತ್ತಿದ್ದ. ಪರದೆಯ ಮೇಲೆ ಅಶಿಲ್‌ರ ಎರಡು ಕೈಗಳು, ಉದ್ದಕ್ಕೆ, ಎಲ್ಲೂ ಕತ್ತರಿ ಬೀಳದೆ. ಸುಮ್ಮನೆ ಕೂತು ಬೇಸರವಾಗಿ, ಆ ಬೆರಳುಗಳು ಎಲ್ಲೆಲ್ಲಿ ಇಳಿಯುತ್ತವೋ ಅಲ್ಲಲ್ಲೇ ನನ್ನ ಬೆರಳು ಇಟ್ಟೆ.

ಅದು ಸಂಗೀತವಾಗಿತ್ತು. ನಿಧಾನದ ವಾಲ್ಟ್ಜ್, ಮೂರು ಹೆಜ್ಜೆಯ ಕುಣಿತದ್ದು. ಆದರೆ ಅರ್ಧ. ತಳ ಇತ್ತು, ತೂಗಾಟ ಇತ್ತು, ಮೇಲೆ ಹಾಡು ಇರಲಿಲ್ಲ. ಆಗ ನನ್ನ ಮಂಕು ಬುದ್ಧಿಗೆ ಬೆಂಚು ನೆನಪಾಯಿತು. ನಾಲ್ಕು ಕೈಗಳಿಗೆಂದು ಬರೆದ ಸಂಗೀತವನ್ನು ನಾವೆಲ್ಲ ಚಿಕ್ಕಂದಿನಲ್ಲಿ ಅಕ್ಕತಂಗಿಯರ ಜೊತೆ ನುಡಿಸಿದವರೇ. ಮಂದ್ರದ ಪಾಲಿನವರು ಎಡಕ್ಕೆ ಸರಿದು ಕೂರುತ್ತಾರೆ, ಹಾಡಿನ ಪಾಲಿನವರು ಬಲಕ್ಕೆ. ಇಷ್ಟು ವರ್ಷ ಆ ಮನುಷ್ಯ ಯಾರೋ ಬಂದು ಕೂರಲೆಂದು ಜಾಗ ಬಿಟ್ಟು ನುಡಿಸುತ್ತಿದ್ದರು.

ಮರುದಿನ ಸ್ಟುಡಿಯೋದ ಕ್ಯಾಂಟೀನಿನಲ್ಲಿ ಅವರ ಎದುರು ತಟ್ಟೆ ಕುಕ್ಕಿ ಕೂತೆ. ಅವರು ಸಾಸೇಜನ್ನು ಬದಿಗಿಟ್ಟು ಬೇಳೆಯನ್ನು ಮೊದಲು ತಿನ್ನುವ ಪೈಕಿ.

"ಮೊಸ್ಯೆ ಬೊರೆಲ್, ನಿಮ್ಮ ವಾಲ್ಟ್ಜ್ ನುಡಿಸಿದೆ. ಮೇಲಿನ ಅರ್ಧ ಖಾಲಿ ಇದೆ."

ಅವರ ಚಮಚ ನಿಂತಿತು. "ಯಾರಿಗಾದ್ರೂ ಹೇಳಿದ್ರಾ?"

"ನನಗೆ ಹೇಳ್ಕೊಳ್ಳೋಕೆ ಯಾರಿದ್ದಾರೆ? ಐದನೇ ಮಹಡಿ ಮನೇಲಿ ಒಂದು ಬೆಕ್ಕಿದೆ."

ನಕ್ಕರು. ಆಮೇಲೆ ತಟ್ಟೆಯನ್ನೇ ನೋಡುತ್ತಾ ಹೇಳಿದರು. "ಖಾಲಿ ಅಲ್ಲ ಮದ್ಮೊಝೆಲ್. ಅದು ನನ್ನ ಮಗಳ ಪಾಲು."

ಮಗಳ ಹೆಸರು ಒದಿಲ್. ಅಪ್ಪನ ಪಕ್ಕ ಕೂತು ಪಿಯಾನೊ ಕಲಿಯುತ್ತಿದ್ದಳು. ಆ ವಾಲ್ಟ್ಜನ್ನು ಅವರು ಅವಳಿಗೆಂದೇ ಕಟ್ಟುತ್ತಿದ್ದರು, ತಮ್ಮ ಪಾಲು ಮುಗಿದಿತ್ತು, ಅವಳದು ಶುರುವಾಗಬೇಕಿತ್ತು. ಅಷ್ಟರಲ್ಲಿ ಮಿದುಳುಜ್ವರ ಬಂತು. ಜೀವ ಉಳಿಯಿತು, ಎರಡೂ ಕಿವಿ ಹೋದವು. ಮಗು ಆಸ್ಪತ್ರೆಯಿಂದ ಮನೆಗೆ ಬರುವ ಮೊದಲು ಅಶಿಲ್ ಪಿಯಾನೊವನ್ನು ಮನೆಯಿಂದ ಸಾಗಿಸಿಬಿಟ್ಟರು.

"ಅದನ್ನ ನೋಡಿದ್ರೆ ಸಂಕಟಪಡ್ತಾಳೆ ಅಂತ. ಒಳ್ಳೇದಕ್ಕೇ ಮಾಡಿದೆ ಅಂದ್ಕೊಂಡಿದ್ದೆ. ಅವಳು ಬಂದವಳೇ ನೇರ ಪಿಯಾನೊ ಕೋಣೆಗೆ ಓಡಿದ್ಲು. ನೆಲದ ಮೇಲೆ ಅದರ ಕಾಲಿನ ಗುರುತು ಮಾತ್ರ ಇತ್ತು. 'ನನ್ನ ಕೈ ಚೆನ್ನಾಗೇ ಇದೆಯಲ್ಲಪ್ಪ' ಅಂದ್ಲು. ಅಷ್ಟೇ. ಆಮೇಲೆ ನನ್ನ ಮುಖ ನೋಡ್ಲಿಲ್ಲ."

ತಾಯಿ ಅವಳನ್ನು ಬೆಸಾನ್‌ಸೋಂ ಊರಿನ ಕಿವುಡರ ಶಾಲೆಗೆ ಸೇರಿಸಿ ತಾನೂ ಅಲ್ಲೇ ತವರಿನಲ್ಲಿ ಉಳಿದಳು. ಅಶಿಲ್ ಹೋದಾಗಲೆಲ್ಲ ಹುಡುಗಿ ಮುಖ ತಿರುಗಿಸಿ ಕೂರುತ್ತಿದ್ದಳು. ಕಿವಿ ಕೇಳುವ ಮಗು ಮುನಿಸಿಕೊಂಡರೆ ಬೆನ್ನ ಹಿಂದಿನಿಂದಾದರೂ ನಾಲ್ಕು ಮಾತು ಹೇಳಬಹುದು. ತುಟಿ ನೋಡಿ ಮಾತು ತಿಳಿಯುವ ಮಗು ಮುಖ ತಿರುಗಿಸಿದರೆ ಅಪ್ಪ ಏನು ಮಾಡಬೇಕು? ಕೊನೆಗೆ ಹೋಗುವುದನ್ನೇ ಬಿಟ್ಟರು. ಆದರೆ ತಾಯಿ ಒಂದು ಮಾತು ಹೇಳಿದ್ದಳಂತೆ: ಊರಿಗೆ ನಿಮ್ಮ ಸಿನಿಮಾ ಬಂದರೆ ಮಾತ್ರ ಹೋಗಿ ಬರುತ್ತಾಳೆ.

"ಪರದೆ ಮೇಲಾದ್ರೆ ನೋಡ್ತಾಳೆ ನೋಡಿ," ಅಂದರು ಅಶಿಲ್. "ಬೆರಳು ನೋಡಿ ಸ್ವರ ತಿಳ್ಕೊಳ್ಳೋದು ಅವಳಿಗೆ ಗೊತ್ತು. ಹೇಗೂ ಆ ಪಿಯಾನೊ ಮೂಗಿ, ನಾನು ಏನು ನುಡಿಸಿದ್ರೆ ಯಾರಿಗೇನು? ನಿನ್ನ ಜಾಗ ಇದೆ, ಬಾ ಅಂತ ಹೇಳ್ತಿದೀನಿ. ನೀವುಗಳು ಕೈ ಕತ್ತರಿಸಿ ಬಿಸಾಕ್ತೀರಿ."

ಅಂದಿನಿಂದ ನಾನು ಅವರ ಪರವಾಗಿ ಜಗಳಕ್ಕೆ ನಿಂತೆ. ಸಂಕಲನದ ಕೋಣೆಗೆ ಹೋಗಿ, "ಕೈ ಇರಲಿ, ಸದ್ದು ಹೊಂದಿಸೋದು ನನ್ನ ತಲೆನೋವು," ಎಂದು ಹಟ ಹಿಡಿಯುತ್ತಿದ್ದೆ. ಹಾಳೆಯ ರಾಗವನ್ನು ಎಳೆದು, ತಡೆದು, ಅವರ ಬೆರಳಿನ ಇಳಿತಕ್ಕೆ ಕೂರಿಸುತ್ತಿದ್ದೆ. ನನಗಿಂತ ಚೆನ್ನಾಗಿ ಆ ಕೆಲಸ ಮಾಡುವವರು ಪ್ಯಾರಿಸಿನಲ್ಲಿ ಇರಲಿಲ್ಲ, ಇದನ್ನು ಸಂಕೋಚವಿಲ್ಲದೆ ಹೇಳುತ್ತೇನೆ. ಅವರ ಕೈಗಳು ಪರದೆಯ ಮೇಲೆ ಮೊದಲಿಗಿಂತ ಹೆಚ್ಚು ಹೊತ್ತು ಉಳಿದವು. ಬೆಸಾನ್‌ಸೋಂನಿಂದ ಮಾತ್ರ ಯಾರೂ ಬರಲಿಲ್ಲ.

ನನಗೆ ಆ ಮನುಷ್ಯ ಇಷ್ಟವಾಗಿದ್ದರು. ಈಗ ಮುಚ್ಚಿಡುವುದೇನು. ದಿನವಿಡೀ ಒಬ್ಬರ ಕೈಗಳನ್ನೇ ನೋಡುತ್ತಾ ಅವು ಹೇಳಿದಂತೆ ಬೆರಳಾಡಿಸುತ್ತಾ ಹೋದರೆ ಇನ್ನೇನಾಗುತ್ತದೆ? ಭಾನುವಾರಗಳು ಇಬ್ಬರಿಗೂ ಖಾಲಿಯೇ. ಆದರೂ ಸೋಮವಾರ ಕ್ಯಾಂಟೀನಿನಲ್ಲಿ 'ಭಾನುವಾರ ಹೇಗಿತ್ತು' ಎಂದು ಕೇಳಿ 'ಚೆನ್ನಾಗಿತ್ತು' ಎಂದು ಇಬ್ಬರೂ ಸುಳ್ಳು ಹೇಳುತ್ತಿದ್ದೆವು. ಒಂದು ಸಲ ಚಿತ್ರೀಕರಣ ಮುಗಿದು ಎಲ್ಲರೂ ಊಟಕ್ಕೆ ಹೋದಾಗ ಅವರು ಆ ಮೂಗಿ ಪಿಯಾನೊದ ಮುಂದೆ ಹಾಗೇ ಕೂತಿದ್ದರು. ಎಲ್ಲಿಂದ ಧೈರ್ಯ ಬಂತೋ, ಹೋಗಿ ಬೆಂಚಿನ ಬಲಗಡೆ ಕೂತೆ. ಬೇಕಿದ್ದರೆ ಆ ಖಾಲಿ ಹಾಡನ್ನು ನಾನು ತುಂಬಬಲ್ಲೆನಲ್ಲ.

ಅವರು ಕೋಪಿಸಿಕೊಳ್ಳಲಿಲ್ಲ. ನನ್ನ ಮೊಣಕೈಯನ್ನು ಮೆತ್ತಗೆ ಮುಟ್ಟಿ, "ಅಲ್ಲಿ ಬೇಡ ಜೆರ್ಮೆನ್," ಅಂದರು.

ಎದ್ದೆ. "ಬೆಂಚು ಗಟ್ಟಿಯಾಗಿದೆಯಾ ಅಂತ ನೋಡಿದೆ ಅಷ್ಟೇ, ನೀವು ಬಿದ್ದೀರಿ ಅಂತ," ಅಂದೆ. ಮುಖ ಮಾತ್ರ ಸುಡುತ್ತಿತ್ತು. ಆ ಸಂಜೆ ಮನೆಗೆ ಹೋಗಿ ಬೆಕ್ಕಿನ ಮೇಲೆ ರೇಗಾಡಿದೆ.

ಹೀಗೇ ವರ್ಷಗಳು ಹೋದವು. ಅವರ ಕೂದಲು ನರೆಯಿತು, ಕಿವಿ ಮಂದವಾಯಿತು. ಅವರ ತರಹದ ಸಂಗೀತವನ್ನು ಕೇಳುವವರು ಕಡಿಮೆಯಾದರು. ಬಾರಿನ ಪಿಯಾನೊದ ಜಾಗಕ್ಕೆ ನಾಣ್ಯ ಹಾಕಿದರೆ ರೆಕಾರ್ಡ್ ನುಡಿಸುವ ಡಬ್ಬಿಗಳು ಬಂದಮೇಲೆ ಸಿನಿಮಾದ ಬಾರುಗಳಲ್ಲೂ ಅವರಿಗೆ ಕೆಲಸವಿಲ್ಲವಾಯಿತು. ಕೊನೆಯದಾಗಿ ಒಂದು ಚಿತ್ರ ಸಿಕ್ಕಿತು. ಹಳೇ ಹೋಟೆಲಿನ ಹಳೇ ಪಿಯಾನೊಗಾರನ ಪಾತ್ರ, ಮೂರು ದೃಶ್ಯ, ಸಂಗೀತವೂ ಅವರದೇ. ಧ್ವನಿಮುದ್ರಣದ ದಿನ ನಾನು ಯುದ್ಧಕ್ಕೆ ಹೊರಟವಳ ಹಾಗೆ ಸಿದ್ಧಳಾಗಿ ಬಂದು ಕೂತೆ. ದೀಪ ಆರಿತು. ಪರದೆ ಬೆಳಗಿತು.

ಅಶಿಲ್ ಬೆಂಚಿನ ನಡುವೆ ಕೂತಿದ್ದರು.

ಕೈಗಳು ಹಾಳೆಯಲ್ಲಿ ಇದ್ದದ್ದನ್ನು ಇದ್ದಂತೆ ನುಡಿಸುತ್ತಿದ್ದವು. ಎಲ್ಲೂ ಎಳೆಯುವ, ತಡೆಯುವ ಕೆಲಸವೇ ಇಲ್ಲ. ಮೊದಲ ಸಲಕ್ಕೇ ಸರಿಯಾಗಿ ಕೂತಿತು. ಕಿಟಕಿಯಾಚೆಯಿಂದ ನಿರ್ದೇಶಕ ಚಪ್ಪಾಳೆ ತಟ್ಟಿದ. ನೋಡಲೆಂದು ಬಂದಿದ್ದ ರೆಮಿ, "ಕೊನೆಗೂ ಬುದ್ಧಿ ಬಂತಪ್ಪ ಮುದುಕನಿಗೆ! ದೆವ್ವ ಓಡ್ಸಿದ್ರು!" ಎಂದು ನಕ್ಕ. ವಾದ್ಯಗಾರರೂ ನಕ್ಕರು. ನಾನು ಪಿಯಾನೊದ ಮೇಲೆ ತಲೆಯಿಟ್ಟು ಅತ್ತೆ. ಶೀತ ಅಂದೆ.

ತಮ್ಮ ಸಂಗೀತ ಕೇಳಲೆಂದು ಬಂದಿದ್ದ ಅಶಿಲ್‌ರನ್ನು ಹೊರಗೆ ಓಣಿಯಲ್ಲಿ ಹಿಡಿದೆ. "ಯಾಕೆ? ಇಷ್ಟು ವರ್ಷ ಕಾದು ಈಗ ಯಾಕೆ?"

"ಬೆನ್ನು ನೋಯುತ್ತೆ ಜೆರ್ಮೆನ್. ತುದೀಲಿ ಕೂರೋಕಾಗಲ್ಲ."

"ಸುಳ್ಳು."

ಅವರು ಟೋಪಿಯನ್ನು ತಿರುಗಿಸುತ್ತಾ ನಿಂತರು. "ಅವಳಿಗೆ ಮೂವತ್ತು ದಾಟಿತು. ಮದುವೆ ಆಗಿರಬಹುದು, ಮಕ್ಕಳಿರಬಹುದು, ಸಿನಿಮಾಗೆ ಹೋಗೋದೇ ಬಿಟ್ಟಿರಬಹುದು. ಯಾರೂ ನೋಡದೇ ಇರೋ ಖಾಲಿ ಜಾಗ ಇಟ್ಕೊಂಡು ಎಷ್ಟು ದಿನ ಅಂತ? ಸಾಕಾಯ್ತು."

ಆಮೇಲೆ ಅವರು ಮಾರ್ನ್ ನದಿಯ ದಂಡೆಯ ವೃದ್ಧ ಕಲಾವಿದರ ಮನೆಗೆ ಹೋಗಿ ಸೇರಿದರು. ನಾನು ಭಾನುವಾರ ಬಸ್ಸು ಹಿಡಿದು ಹೋಗುತ್ತಿದ್ದೆ, ಪೇರ್ ಹಣ್ಣಿಟ್ಟು ಬೇಯಿಸಿದ ಟಾರ್ಟ್ ತೆಗೆದುಕೊಂಡು. ಆ ಹೊತ್ತಿಗೆ ಅವರ ಕಿವಿ ಇನ್ನೂ ಮಂದವಾಗಿತ್ತು, ನನ್ನ ಮಾತಿನಲ್ಲಿ ಅರ್ಧ ತಲುಪುತ್ತಿರಲಿಲ್ಲ. ಊಟದ ಕೋಣೆಯಲ್ಲಿ ಒಂದು ಪಿಯಾನೊ ಇತ್ತು. ತೇವಕ್ಕೆ ಶ್ರುತಿಯೆಲ್ಲ ಹಾಳಾಗಿ, ತಂತಿಗಳಲ್ಲಿ ಎಷ್ಟೋ ತುಂಡಾಗಿದ್ದವು. ಅವರು ಅದರ ಹತ್ತಿರ ಹೋಗುತ್ತಿರಲಿಲ್ಲ. ಕಿಟಕಿಯ ಪಕ್ಕ ಕೂತು ನದಿ ನೋಡುತ್ತಿದ್ದರು. ನಾನು ಅವರನ್ನು ನೋಡುತ್ತಿದ್ದೆ.

ಆ ಕೊನೆಯ ಚಿತ್ರ ಪ್ಯಾರಿಸಿನಲ್ಲಿ ಬಿಡುಗಡೆಯಾಗಿ, ಯಾರ ಗಮನಕ್ಕೂ ಬರದೆ, ಊರೂರು ಸುತ್ತಲು ಹೋಯಿತು. ಚಳಿ ಹಿಡಿಯುವ ಹೊತ್ತಿಗೆ ಒಂದು ಭಾನುವಾರ ಮಧ್ಯಾಹ್ನ, ಊಟ ಮುಗಿದು ಎಲ್ಲರೂ ತೂಕಡಿಸುತ್ತಿರುವಾಗ, ಬಾಗಿಲಲ್ಲಿ ಗದ್ದಲ ಕೇಳಿಸಿತು. ಬೂದು ಕೋಟಿನ ಹೆಂಗಸೊಬ್ಬಳು, ಏರಿಳಿತವಿಲ್ಲದ ದೊಡ್ಡ ದನಿಯಲ್ಲಿ, "ಅಶಿಲ್ ಬೊರೆಲ್ ಎಲ್ಲಿ?" ಅನ್ನುತ್ತಿದ್ದಳು. ಮನೆಯ ಮೇಲ್ವಿಚಾರಕಿ ಮದಾಮ್ ಪಿಕಾರ್, "ಮೆಲ್ಲಗೆ ಮಾತಾಡಿ ಮದಾಮ್!" ಎಂದು ಹಿಂದೆ ಓಡಿಬರುತ್ತಿದ್ದರೂ ಅವಳು ತಿರುಗಿ ನೋಡಲಿಲ್ಲ. ಉದ್ದ ಮುಖ. ಯಾರೆಂದು ಕೇಳುವ ಅಗತ್ಯವಿರಲಿಲ್ಲ.

ಅವಳು ಸೀದಾ ಬಂದು ಅಪ್ಪನ ಕುರ್ಚಿಯ ಎದುರು ನಿಂತಳು. ಕಣ್ಣುಗಳು ಕೆಂಪಾಗಿದ್ದವು.

"ನಡುವೆ ಕೂತಿದೀಯ!" ಅಂದಳು. "ನನ್ನ ಜಾಗ ಯಾರಿಗೆ ಕೊಟ್ಟೆ?"

ಅಶಿಲ್ ಏಳಲು ಹೋಗಿ ಮತ್ತೆ ಕುಸಿದರು. ಅವರ ಮಂದ ಕಿವಿಗೆ ಅವಳ ದೊಡ್ಡ ದನಿ ಪೂರ್ತಿ ಕೇಳಿಸಿತ್ತು. ತುಟಿ ಕಾಣುವಂತೆ ಮುಖ ಮೇಲೆತ್ತಿ, ಒಂದೊಂದೇ ಮಾತು ಬಿಡಿಸಿ ಹೇಳಿದರು. "ನೀನು ನೋಡ್ತಿಲ್ಲ ಅಂದ್ಕೊಂಡೆ, ಮಗಳೇ."

"ಎಲ್ಲಾ ನೋಡಿದೀನಿ. ಒಂದೂ ಬಿಟ್ಟಿಲ್ಲ. ಕೈ ತೋರಿಸದೇ ಇದ್ದಾಗ ಬೆಂಚು ನೋಡ್ತಿದ್ದೆ."

"ಮತ್ತೆ ಯಾಕೆ ಬರ್ಲಿಲ್ಲ?"

"ಕೋಪ ಇತ್ತು. ಕೋಪ ತೀರಿದ ಮೇಲೆ ನಾಚಿಕೆ. ಜಾಗ ಹೇಗೂ ಇದೆಯಲ್ಲ, ಮುಂದಿನ ವರ್ಷ ಹೋದ್ರಾಯ್ತು ಅಂತ..." ಅವಳ ದನಿ ಅಷ್ಟೇ ದೊಡ್ಡದಾಗಿ ನಡುಗಿತು. "ಹೋದ ವಾರ ನೋಡ್ತೀನಿ, ಜಾಗವೇ ಇಲ್ಲ. ಸ್ಟುಡಿಯೋಗೆ ಬರೆದು ನಿನ್ನ ವಿಳಾಸ ತರಿಸ್ಕೊಂಡೆ, ಸಿಕ್ಕಿದ ಕೂಡಲೇ ಮೊದಲನೇ ರೈಲು ಹತ್ತಿದೆ."

ಇಷ್ಟು ವರ್ಷ ನಾನು ಒಂದೊಂದು ಚೂರು ಕೈಗಾಗಿ ಸಂಕಲನದವರ ಜೊತೆ ಹೊಡೆದಾಡಿದ್ದೆ. ಅವಳನ್ನು ಇಲ್ಲಿಗೆ ಕರೆತಂದದ್ದು ಅವರು ಕಾಯುವುದನ್ನು ಬಿಟ್ಟುಕೊಟ್ಟ ಆ ಒಂದು ದೃಶ್ಯ. ಸಿಟ್ಟು ಬಂತು, ಯಾರ ಮೇಲೆಂದು ಗೊತ್ತಾಗಲಿಲ್ಲ.

ತೆರೆದ ಬಾಗಿಲಾಚೆ ಪಿಯಾನೊ ಕಂಡು, ಒದಿಲ್ ಅಪ್ಪನನ್ನು ಹೆಗಲು ಹಿಡಿದೆತ್ತಿ ಊಟದ ಕೋಣೆಗೆ ನಡೆಸಿದಳು. ಅವರು ಬೆಂಚಿನ ಎಡತುದಿಗೆ ಕೂತರು, ಹಿಂದಿನ ಹಾಗೇ, ಬೀಳುವಂತೆ. ಅವಳು ಬಲಗಡೆ ಕೂತು ಕೋಟಿನ ತೋಳು ಮಡಿಸಿದಳು. ಅವರ ಮಂದ್ರ ಶುರುವಾಯಿತು. ಅವಳು ಅವರ ಬೆರಳನ್ನೇ ನೋಡುತ್ತಿದ್ದು, ತಕ್ಕ ಹೊತ್ತಿಗೆ ಕೈ ಇಳಿಸಿದಳು.

ಸದ್ದು ಭಯಂಕರವಾಗಿತ್ತು. ಒಂದು ಸ್ವರ ಒತ್ತಿದರೆ ಇನ್ನೊಂದು ಒದರುತ್ತಿತ್ತು. ಆದರೆ ನನ್ನ ಕಸಬು ಅದೇ ಅಲ್ಲವೇ, ಬೆರಳು ನೋಡಿ ಕೇಳಿಸಿಕೊಳ್ಳುವುದು. ಅವಳು ನುಡಿಸುತ್ತಿದ್ದುದು ಮಗುವಿನ ಪಾಲಾಗಿರಲಿಲ್ಲ. ಸಿನಿಮಾದಿಂದ ಸಿನಿಮಾಕ್ಕೆ, ವರ್ಷದಿಂದ ವರ್ಷಕ್ಕೆ, ಅಪ್ಪನ ಅರ್ಧಕ್ಕೆ ಹೊಂದುವ ಅರ್ಧವನ್ನು ತಾನೇ ಕಟ್ಟಿಕೊಂಡಿದ್ದಳು. ಆ ಮುರುಕು ಪಿಯಾನೊದ ಅರಚಾಟದ ಹಿಂದೆ ಅದು ನನಗೆ ಚೆನ್ನಾಗಿ ಕಾಣಿಸಿತು, ಮತ್ತು ಅಷ್ಟು ಚೆಲುವಾದದ್ದನ್ನು ನಾನು ಎಂದೂ ನುಡಿಸಿರಲಿಲ್ಲ.

ಮಲಗಿದ್ದವರೆಲ್ಲ ಎದ್ದು ಬಂದರು. ಹಿಂದೆಂದೋ ರಂಗಗಾಯಕಿಯಾಗಿದ್ದ ಮುದುಕಿಯೊಬ್ಬಳು ಕಿವಿ ಮುಚ್ಚಿಕೊಂಡು, "ಇದೇನು ಕಸಾಯಿಖಾನೆನಾ?" ಎಂದು ಕಿರುಚಿದಳು. ಮದಾಮ್ ಪಿಕಾರ್ ಮುಂದೆ ನುಗ್ಗಿದರು. "ನಿಲ್ಸಿ ಮೊಸ್ಯೆ ಬೊರೆಲ್! ಹುಷಾರಿಲ್ಲದೋರು ಮಲಗಿದ್ದಾರೆ! ಈಗಲೇ ನಿಲ್ಸಿ!"

ಆ ಗದ್ದಲದಲ್ಲಿ ಅಪ್ಪನಿಗೂ ಕೇಳಿಸಲಿಲ್ಲ, ಮಗಳಿಗೂ ಕೇಳಿಸಲಿಲ್ಲ. ಇಬ್ಬರೂ ಒಬ್ಬರ ಕೈ ಒಬ್ಬರು ನೋಡುತ್ತಾ ನಗುತ್ತಿದ್ದರು. ಮದಾಮ್ ಪಿಕಾರ್ ಅಶಿಲ್‌ರ ಭುಜ ಹಿಡಿಯಲು ಕೈ ಚಾಚಿದರು.

"ತಡೀರಿ," ಅಂದೆ. "ಸದ್ದು ತಾನೇ ನಿಮಗೆ ತೊಂದರೆ?"

ಹೊದ್ದಿದ್ದ ಉಣ್ಣೆಯ ಶಾಲು ತೆಗೆದೆ. ಪಿಯಾನೊದ ಮೇಲಿನ ಮುಚ್ಚಳ ಎತ್ತಿ, ಶಾಲನ್ನು ಉದ್ದಕ್ಕೆ ಮಡಿಸಿ, ಸುತ್ತಿಗೆಗಳಿಗೂ ತಂತಿಗಳಿಗೂ ನಡುವೆ ಇಳಿಬಿಟ್ಟೆ. ಸ್ಟುಡಿಯೋದಲ್ಲಿ ಮಾಡುವುದನ್ನು ಎಷ್ಟು ಸಲ ನೋಡಿಲ್ಲ. ಮೊದಲು ಮಂದ್ರ ಅಡಗಿತು, ಆಮೇಲೆ ಮೇಲಿನ ಸ್ವರಗಳು. ಕೋಣೆ ನಿಶ್ಶಬ್ದವಾಯಿತು. ಮದಾಮ್ ಪಿಕಾರ್ ಬಾಯಿ ತೆರೆದು ನಿಂತರು, ಆಮೇಲೆ ಒಬ್ಬೊಬ್ಬರಾಗಿ ಎಲ್ಲರೂ ಮಲಗಲು ಹೋದರು.

ಅಪ್ಪ ಮಗಳು ನುಡಿಸುತ್ತಲೇ ಇದ್ದರು. ಒಬ್ಬರ ಕೈಯಲ್ಲಿ ಒಬ್ಬರು ಮುಳುಗಿದ್ದ ಇಬ್ಬರಿಗೂ ಏನಾದರೂ ಬದಲಾಯಿತೆಂದು ಗೊತ್ತಾಗಲಿಲ್ಲ. ನಾನು ಗೋಡೆಯ ಪಕ್ಕದ ಕುರ್ಚಿಯಲ್ಲಿ ಕೂತೆ. ಹಳೇ ಅಭ್ಯಾಸ, ನನ್ನ ಬೆರಳುಗಳು ಮೊಣಕಾಲಿನ ಮೇಲೆ ತಾವಾಗಿಯೇ ಅಶಿಲ್‌ರ ಕೈಗಳ ಜೊತೆ ಹೊರಟವು. ಸ್ವಲ್ಪ ಹೊತ್ತಿನ ಮೇಲೆ ನಿಲ್ಲಿಸಿದೆ. ಆ ಕೈಗಳಿಗೆ ಈಗ ಸದ್ದು ಕೊಡುವವರು ಬೇಕಿರಲಿಲ್ಲ.

ಬಸ್ಸಿನ ಹೊತ್ತಾಗಿತ್ತು. ಶಾಲು ತೆಗೆದರೆ ಸದ್ದಾಗುತ್ತಿತ್ತು, ಅದಕ್ಕೆ ಅಲ್ಲೇ ಬಿಟ್ಟೆ. ಟಾರ್ಟನ್ನು ಪಿಯಾನೊದ ಪಕ್ಕದ ಮೇಜಿನ ಮೇಲಿಟ್ಟು, ಇಬ್ಬರಿಗೂ ಹೋಗಿಬರುತ್ತೇನೆ ಅಂದೆ. ಯಾರೂ ತಿರುಗಲಿಲ್ಲ. ನದಿಯ ದಂಡೆಯಲ್ಲಿ ಬಸ್ಸಿಗೆ ಕಾಯುವಾಗ ಚಳಿ ಚೆನ್ನಾಗಿ ಹಿಡಿಯಿತು.